ಪರವಾನಗಿ ಪಡೆದ ಪಿಸ್ತೂಲು ಹಾಗೂ ರಿವಾಲ್ವರುಗಳಿಗೆ ಕಡಿಮೆ ಬೆಲೆಯ ಪಾಲಿಮರ್ ಬೆಲ್ಟ್ ಹೋಲ್‌ಸ್ಟರ್ ಆಯ್ಕೆ: ಪರವಾನಗಿದಾರರ ಮಾಹಿತಿಗಾಗಿ

ಆಯುಧ ಪರವಾನಗಿ ಕೋರಿ ಅರ್ಜಿ ಸಲ್ಲಿಸುವವರು ಹಾಗೂ ಈಗಾಗಲೇ ಪರವಾನಗಿ ಹೊಂದಿರುವವರು ಪಿಸ್ತೂಲು ಅಥವಾ ರಿವಾಲ್ವರಿನ ಖರೀದಿಗೆ ನೀಡುವಷ್ಟು ಗಮನವನ್ನು ಅದನ್ನು ಇರಿಸಿಕೊಳ್ಳುವ ಹೋಲ್‌ಸ್ಟರಿಗೆ ನೀಡುವುದಿಲ್ಲ. ಆಯುಧಕ್ಕಾಗಿ ದೊಡ್ಡ ಮೊತ್ತವನ್ನು ವ್ಯಯಿಸಿದ ನಂತರ ಕೈಗೆ ಸಿಕ್ಕಿದ ಬಟ್ಟೆಯ ಚೀಲವನ್ನು ಸೊಂಟಕ್ಕೆ ಸಿಕ್ಕಿಸಿಕೊಳ್ಳುವುದು, ಅಥವಾ ಆಯುಧವನ್ನು ನೇರವಾಗಿ ಪ್ಯಾಂಟಿನ ಜೇಬಿನಲ್ಲಿ ಇಟ್ಟುಕೊಳ್ಳುವುದು ವಾಡಿಕೆಯಲ್ಲಿದೆ. ಇದು ಅಪಾಯಕರವಾದುದು ಮಾತ್ರವಲ್ಲ, ಸಾರ್ವಜನಿಕ ಸ್ಥಳಗಳಲ್ಲಿ ನಿಯಮಬಾಹಿರವೂ ಆಗಬಹುದು. ದುಬಾರಿಯಲ್ಲದ ಪಾಲಿಮರ್ ಹೋಲ್‌ಸ್ಟರನ್ನು ಯಾವ ಅಂಶಗಳನ್ನು ಪರಿಶೀಲಿಸಿ ಆರಿಸಿಕೊಳ್ಳಬೇಕು ಎಂಬುದನ್ನು ಸಾರ್ವಜನಿಕರ ಅನುಕೂಲಕ್ಕಾಗಿ ಈ ಕೆಳಗೆ ವಿವರಿಸಲಾಗಿದೆ.

1. ನಿಯಮ ಏನು ಹೇಳುತ್ತದೆ

ಆಯುಧ ಅಧಿನಿಯಮ, 1959ರ ಅಡಿಯಲ್ಲಿ ರಚಿತವಾದ ಆಯುಧ ನಿಯಮಗಳು, 2016 ಹಿಂದಿನ 1962ರ ನಿಯಮಗಳ ಬದಲಿಗೆ ಜಾರಿಗೆ ಬಂದಿವೆ. ಇವುಗಳ ನಿಯಮ 32ರ ಪ್ರಕಾರ, ಸಾರ್ವಜನಿಕ ಸ್ಥಳದಲ್ಲಿ ಪಿಸ್ತೂಲು ಅಥವಾ ರಿವಾಲ್ವರನ್ನು ಒಯ್ಯುವ ವ್ಯಕ್ತಿಯು ಅದನ್ನು ಅದಕ್ಕೆಂದೇ ತಯಾರಿಸಿದ ಅಥವಾ ಅಳವಡಿಸಿದ ಹೋಲ್‌ಸ್ಟರಿನಲ್ಲಿ ಇರಿಸಿ ತನ್ನ ಮೈಗೆ ಜೋಡಿಸಿಕೊಂಡಿರಬೇಕು, ಇಲ್ಲವೇ ಬೆನ್ನುಚೀಲ ಅಥವಾ ಅಂಥ ಚೀಲದಲ್ಲಿ ಇರಿಸಿರಬೇಕು. ಆಯುಧವು ಸಂಪೂರ್ಣವಾಗಿ ಮುಚ್ಚಿರತಕ್ಕದ್ದು ಹಾಗೂ ಒಯ್ಯುವವನಿಗೆ ಅದರ ಮೇಲೆ ಪರಿಣಾಮಕಾರಿಯಾದ ಹಿಡಿತ ಇರತಕ್ಕದ್ದು. ಸಾರ್ವಜನಿಕವಾಗಿ ಆಯುಧವನ್ನು ಪ್ರದರ್ಶಿಸುವುದನ್ನು ಸಹ ಸದರಿ ನಿಯಮವು ನಿಷೇಧಿಸುತ್ತದೆ.

ಈ ನಿಯಮದಿಂದ ಮೂರು ಸಂಗತಿಗಳು ಸ್ಪಷ್ಟವಾಗುತ್ತವೆ. ಮೊದಲನೆಯದಾಗಿ, ಹೋಲ್‌ಸ್ಟರ್ ಅಲಂಕಾರದ ವಸ್ತುವಲ್ಲ. ಎರಡನೆಯದಾಗಿ, ಅಂಗಿಯ ಮೇಲೆ ಎಲ್ಲರಿಗೂ ಕಾಣುವಂತೆ ಹೋಲ್‌ಸ್ಟರ್ ಧರಿಸುವುದು, ಅದು ಎಷ್ಟೇ ಉತ್ತಮವಾದುದಾಗಿದ್ದರೂ, ನಿಯಮಕ್ಕೆ ಅನುಗುಣವಾಗಿರುವುದಿಲ್ಲ. ಮೂರನೆಯದಾಗಿ, ಓಡಾಡುವಾಗ ಜಾರಿ ಬೀಳುವ ಅಥವಾ ಇತರರು ಸುಲಭವಾಗಿ ಕಸಿದುಕೊಳ್ಳಬಹುದಾದ ಹೋಲ್‌ಸ್ಟರ್ ಪರಿಣಾಮಕಾರಿ ಹಿಡಿತ ಎಂಬ ಷರತ್ತನ್ನು ಪೂರೈಸುವುದಿಲ್ಲ.

2019ರ ತಿದ್ದುಪಡಿ ಅಧಿನಿಯಮದ ಮೂಲಕ ಸೇರಿಸಲಾದ ಕಲಂ 25(9)ರ ಅನ್ವಯ, ಇತರರ ಜೀವಕ್ಕೆ ಅಥವಾ ಸುರಕ್ಷತೆಗೆ ಅಪಾಯವಾಗುವಂತೆ ಆಯುಧವನ್ನು ದುಡುಕಿನಿಂದ ಅಥವಾ ನಿರ್ಲಕ್ಷ್ಯದಿಂದ ಬಳಸಿದವರಿಗೆ 2 ವರ್ಷಗಳವರೆಗೆ ಸೆರೆವಾಸ ಅಥವಾ 1 ಲಕ್ಷ ರೂಪಾಯಿಗಳವರೆಗೆ ಜುಲ್ಮಾನೆ ಅಥವಾ ಎರಡನ್ನೂ ವಿಧಿಸಬಹುದಾಗಿದೆ. ಪರವಾನಗಿಯ ಅಮಾನತು ಹಾಗೂ ರದ್ದತಿಗೆ ಕಲಂ 17ರಲ್ಲಿ ಅವಕಾಶವಿದೆ.

2. ಹೋಲ್‌ಸ್ಟರ್ ಮಾಡಬೇಕಾದ ಕೆಲಸಗಳು

ಬೆಲೆ ಎಷ್ಟೇ ಇರಲಿ, ಹೋಲ್‌ಸ್ಟರೊಂದು ನಾಲ್ಕು ಕೆಲಸಗಳನ್ನು ತಪ್ಪದೆ ಮಾಡಬೇಕು.

ಅ) ಟ್ರಿಗರನ್ನು ಪೂರ್ಣವಾಗಿ ಮುಚ್ಚಬೇಕು. ಬೆರಳಾಗಲಿ, ಬಟ್ಟೆಯಾಗಲಿ, ಕೀಲಿಕೈಯಾಗಲಿ ಅದಕ್ಕೆ ತಾಗಬಾರದು.
ಆ) ನಡೆಯುವಾಗ, ಬಗ್ಗುವಾಗ, ಓಡುವಾಗ ಆಯುಧವನ್ನು ಬಿಗಿಯಾಗಿ ಹಿಡಿದಿಡಬೇಕು.
ಇ) ಸೊಂಟದ ಮೇಲೆ ಒಂದೇ ಸ್ಥಾನದಲ್ಲಿ ನಿಲ್ಲಬೇಕು. ಆಯುಧ ಎಲ್ಲಿದೆ ಎಂದು ಧರಿಸಿದವರು ತಡಕಾಡುವಂತಿರಬಾರದು.
ಈ) ಆಯುಧವನ್ನು ಹೊರತೆಗೆದ ಮೇಲೂ ಬಾಯಿ ತೆರೆದೇ ಇರಬೇಕು. ಆಗ ಮಾತ್ರ ಅದನ್ನು ಒಂದೇ ಕೈಯಿಂದ ಸುರಕ್ಷಿತವಾಗಿ ಹಿಂದಿರುಗಿಸಲು ಸಾಧ್ಯ.

ಈ ನಾಲ್ಕು ಕೆಲಸಗಳನ್ನು ಮಾಡುವ ಸಾಧಾರಣ ಬೆಲೆಯ ಹೋಲ್‌ಸ್ಟರ್, ಇವುಗಳಲ್ಲಿ ಒಂದನ್ನು ಮಾಡದ ದುಬಾರಿ ಹೋಲ್‌ಸ್ಟರಿಗಿಂತ ಮೇಲು.

3. ಪಾಲಿಮರ್ ಏಕೆ

ಹೋಲ್‌ಸ್ಟರುಗಳನ್ನು ಸಾಮಾನ್ಯವಾಗಿ ಚರ್ಮ, ನೈಲಾನ್ ಬಟ್ಟೆ ಹಾಗೂ ಗಟ್ಟಿ ಪ್ಲಾಸ್ಟಿಕ್, ಅಂದರೆ ಪಾಲಿಮರಿನಿಂದ ತಯಾರಿಸಲಾಗುತ್ತದೆ.

ಚರ್ಮದ ಹೋಲ್‌ಸ್ಟರ್ ಮೈಗೆ ಹಿತವಾಗಿದ್ದು ಆಯುಧದ ಮೇಲ್ಮೈಯನ್ನು ಹೆಚ್ಚು ಉಜ್ಜುವುದಿಲ್ಲ. ಆದರೆ ಅದು ಬೆವರು ಮತ್ತು ಮಳೆನೀರನ್ನು ಹೀರಿಕೊಳ್ಳುತ್ತದೆ. ಒದ್ದೆಯಾದ ಚರ್ಮದಲ್ಲಿ ಉಳಿದ ಉಕ್ಕು ತುಕ್ಕು ಹಿಡಿಯುತ್ತದೆ. ಮೇಲಾಗಿ, ವರ್ಷಗಳ ಬಳಕೆಯಿಂದ ಮೆತ್ತಗಾದ ಚರ್ಮದ ಬಾಯಿಯ ಅಂಚು ಒಳಕ್ಕೆ ಮಡಚಿಕೊಂಡು, ಆಯುಧವನ್ನು ಒಳಗೆ ತಳ್ಳುವಾಗ ಟ್ರಿಗರಿಗೆ ಸಿಕ್ಕಿ ಗುಂಡು ಹಾರುವ ಸಂಭವವಿದೆ. ಬಟ್ಟೆಯ ಹೋಲ್‌ಸ್ಟರ್ ಎಲ್ಲಕ್ಕಿಂತ ಅಗ್ಗವಾದುದು. ಆದರೆ "ಎಲ್ಲಾ ಅಳತೆಗೂ ಹೊಂದುತ್ತದೆ" ಎಂದು ಮಾರಾಟವಾಗುವ ಬಟ್ಟೆಯ ಚೀಲವು ಯಾವ ಆಯುಧವನ್ನೂ ಸರಿಯಾಗಿ ಹಿಡಿಯುವುದಿಲ್ಲ. ಹೊರಗಿನಿಂದ ಒತ್ತಿದರೆ ಬಟ್ಟೆಯ ಮೂಲಕವೇ ಟ್ರಿಗರ್ ಚಲಿಸಬಹುದು.

ಗಟ್ಟಿ ಪಾಲಿಮರ್ ನೀರನ್ನು ಹೀರುವುದಿಲ್ಲ, ಬಾಗುವುದಿಲ್ಲ, ಖಾಲಿ ಇರುವಾಗಲೂ ಆಕಾರ ಕಳೆದುಕೊಳ್ಳುವುದಿಲ್ಲ. ಇದರಲ್ಲಿ ಎರಡು ಬಗೆಗಳಿವೆ. ಮೊದಲನೆಯದು ಕರಗಿಸಿದ ನೈಲಾನ್ ಆಧಾರಿತ ಪ್ಲಾಸ್ಟಿಕನ್ನು ಅಚ್ಚಿಗೆ ಒತ್ತಿ ತಯಾರಿಸಿದ್ದು. ಒಂದೇ ಅಚ್ಚಿನಿಂದ ಬಹಳ ಸಂಖ್ಯೆಯಲ್ಲಿ ತಯಾರಾಗುವುದರಿಂದ ಇದು ಅಗ್ಗವಾಗಿರುತ್ತದೆ. ಎರಡನೆಯದು ಪ್ಲಾಸ್ಟಿಕ್ ಹಾಳೆಯನ್ನು ಬಿಸಿ ಮಾಡಿ ಆಯುಧದ ಆಕಾರದ ಮೇಲೆ ಒತ್ತಿ ರೂಪಿಸಿದ್ದು. ಇದಕ್ಕೆ ಬಳಸುವ ಹಾಳೆಗಳಲ್ಲಿ ಕೈಡೆಕ್ಸ್ ಎಂಬುದು ಹೆಸರುವಾಸಿಯಾದುದು. 1965ರಲ್ಲಿ ಅಮೆರಿಕದಲ್ಲಿ ವಿಮಾನಗಳ ಒಳಭಾಗಕ್ಕಾಗಿ ರೂಪುಗೊಂಡ ಈ ಹಾಳೆ ಕ್ರಮೇಣ ಹೋಲ್‌ಸ್ಟರ್ ಹಾಗೂ ಚಾಕುವಿನ ಒರೆಗಳ ತಯಾರಿಕೆಗೆ ಬಂದಿತು. ಬಹುತೇಕ ಕೈಯಿಂದಲೇ ತಯಾರಾಗುವುದರಿಂದ ಇದರ ಬೆಲೆ ಹೆಚ್ಚು. ಸರಿಯಾದ ಅಳತೆಯದಾಗಿದ್ದರೆ ಎರಡೂ ಬಗೆಗಳು ದಿನಬಳಕೆಗೆ ಸಾಕಾಗುತ್ತವೆ.

4. ಆಯುಧದ ಮಾದರಿಗೆ ಹೊಂದಿಕೆ

ಕಡಿಮೆ ಬೆಲೆಯ ಹೋಲ್‌ಸ್ಟರ್ ಖರೀದಿಯಲ್ಲಿ ಹೆಚ್ಚಿನವರು ಎಡವುವುದು ಇಲ್ಲಿಯೇ. ಚರ್ಮವು ಬಳಸುತ್ತ ಬಳಸುತ್ತ ಆಯುಧಕ್ಕೆ ಹೊಂದಿಕೊಳ್ಳುತ್ತದೆ. ಪಾಲಿಮರ್ ಹಾಗಲ್ಲ. ಯಾವ ಮಾದರಿಗಾಗಿ ಅಚ್ಚು ಮಾಡಲಾಗಿದೆಯೋ ಆ ಮಾದರಿಯನ್ನಷ್ಟೇ ಅದು ಹಿಡಿಯುತ್ತದೆ.

ಮಾರುಕಟ್ಟೆಯಲ್ಲಿ ದೊರೆಯುವ ಅಗ್ಗದ ಪಾಲಿಮರ್ ಹೋಲ್‌ಸ್ಟರುಗಳಲ್ಲಿ ಅನೇಕವು ವಿದೇಶಿ 9 ಮಿ.ಮೀ. ಪಿಸ್ತೂಲುಗಳಿಗಾಗಿ ತಯಾರಾದವು. ಭಾರತದಲ್ಲಿ 9 ಮಿ.ಮೀ. ನಿಷೇಧಿತ ಬೋರ್ ಆಗಿದ್ದು, ಸಾಮಾನ್ಯ ಪರವಾನಗಿದಾರರ ಬಳಿ ಇರುವುದು ಹೆಚ್ಚಾಗಿ .32 ಬೋರಿನ ರಿವಾಲ್ವರ್ ಅಥವಾ ಪಿಸ್ತೂಲು, ಕೆಲವರ ಬಳಿ .22 ಬೋರಿನ ಆಯುಧ. ಚಪ್ಪಟೆಯಾದ ಪಿಸ್ತೂಲಿಗೆ ಅಚ್ಚು ಮಾಡಿದ ಹೋಲ್‌ಸ್ಟರಿನಲ್ಲಿ ದುಂಡನೆಯ ಸಿಲಿಂಡರ್ ಇರುವ ರಿವಾಲ್ವರ್ ಕೂರುವುದಿಲ್ಲ. ಬಲವಂತವಾಗಿ ಕೂರಿಸಿದರೆ ಟ್ರಿಗರಿನ ಭಾಗ ಹೊರಗೆ ಉಳಿಯುತ್ತದೆ.

ಒಂದೇ ಬೋರಿನ ಆಯುಧಗಳೂ ಪರಸ್ಪರ ಭಿನ್ನವಾಗಿರುತ್ತವೆ. ಕಾನ್ಪುರದಲ್ಲಿ ತಯಾರಾಗಿ 2014ರಲ್ಲಿ ಹೊರಬಂದ ನಿರ್ಭೀಕ್ ರಿವಾಲ್ವರಿನ ತೂಕ ಸುಮಾರು 500 ಗ್ರಾಂ. 2021ರಲ್ಲಿ ರಚಿತವಾದ ಅಡ್ವಾನ್ಸ್ಡ್ ವೆಪನ್ಸ್ ಅಂಡ್ ಎಕ್ವಿಪ್‌ಮೆಂಟ್ ಇಂಡಿಯಾ ಲಿಮಿಟೆಡ್ ಸಂಸ್ಥೆಯು 2023ರಲ್ಲಿ ಬಿಡುಗಡೆ ಮಾಡಿದ ಪ್ರಬಲ್ ರಿವಾಲ್ವರಿನ ತೂಕ ಗುಂಡುಗಳನ್ನು ಬಿಟ್ಟು ಸುಮಾರು 700 ಗ್ರಾಂ. ನಿರ್ಭೀಕ್ ಮಧ್ಯದಲ್ಲಿ ಮುರಿದುಕೊಂಡು ತೆರೆದುಕೊಳ್ಳುವ ಬಗೆಯದು. ಪ್ರಬಲ್ ರಿವಾಲ್ವರಿನಲ್ಲಿ ಸಿಲಿಂಡರ್ ಪಕ್ಕಕ್ಕೆ ತೆರೆದುಕೊಳ್ಳುತ್ತದೆ. ಎರಡೂ .32 ಬೋರಿನವೇ ಆದರೂ ಒಂದರ ಹೋಲ್‌ಸ್ಟರ್ ಇನ್ನೊಂದಕ್ಕೆ ಹೊಂದುತ್ತದೆ ಎಂದು ಭಾವಿಸಬಾರದು.

ಆದ್ದರಿಂದ ಖರೀದಿಗೆ ಮುನ್ನ ಈ ಕೆಳಕಂಡ ವಿವರಗಳನ್ನು ಬರೆದಿಟ್ಟುಕೊಳ್ಳುವುದು ಸೂಕ್ತ: ಆಯುಧದ ತಯಾರಕರ ಹೆಸರು ಮತ್ತು ಮಾದರಿ, ಬೋರ್, ನಳಿಗೆಯ ಉದ್ದ, ಧರಿಸುವವರು ಬಲಗೈಯವರೋ ಎಡಗೈಯವರೋ ಎಂಬುದು, ಹಾಗೂ ಧರಿಸುವ ಬೆಲ್ಟಿನ ಅಗಲ. ಮಾರಾಟಗಾರರು ಮಾದರಿಯ ಹೆಸರು ಹೇಳದೆ ಬೋರ್ ಮಾತ್ರ ಹೇಳಿದಲ್ಲಿ ಅಂಥ ಹೋಲ್‌ಸ್ಟರನ್ನು ಪರೀಕ್ಷಿಸದೆ ಕೊಳ್ಳಬಾರದು.

5. ಟ್ರಿಗರಿನ ರಕ್ಷಣೆ

ಆಯುಧವನ್ನು ಒಳಗಿಟ್ಟಾಗ ಟ್ರಿಗರಿನ ಸುತ್ತಲಿನ ಬಳೆಯು ಎರಡೂ ಬದಿಗಳಲ್ಲಿ ಪೂರ್ತಿಯಾಗಿ ಮುಚ್ಚಿರಬೇಕು. ಒಂದು ಬದಿ ತೆರೆದಿರುವ ಅಥವಾ ಬೆರಳು ತೂರುವಷ್ಟು ಸಂದು ಇರುವ ಹೋಲ್‌ಸ್ಟರನ್ನು ಉಚಿತವಾಗಿ ಕೊಟ್ಟರೂ ಬಳಸಬಾರದು.

ಕೆಲವು ಹೋಲ್‌ಸ್ಟರುಗಳಲ್ಲಿ ಆಯುಧವನ್ನು ಬಿಡಿಸಲು ತೋರುಬೆರಳಿನಿಂದ ಗುಂಡಿ ಒತ್ತಬೇಕಾಗುತ್ತದೆ. ಗಾಬರಿಯಲ್ಲಿ ಗುಂಡಿಯನ್ನು ಜೋರಾಗಿ ಒತ್ತುತ್ತಲೇ ಆಯುಧವನ್ನು ಎಳೆದಾಗ ಅದೇ ಬೆರಳು ನೇರವಾಗಿ ಟ್ರಿಗರಿನ ಮೇಲೆ ಬೀಳುವ ಸಾಧ್ಯತೆ ಇದೆ. ಇದರ ಬದಲು ಹೆಬ್ಬೆರಳಿನಿಂದ ಬಿಡಿಸುವ ಲಾಕ್ ಅಥವಾ ಪಟ್ಟಿ ಇರುವುದನ್ನು ಆರಿಸಿಕೊಳ್ಳುವುದು ಲೇಸು.

ರಿವಾಲ್ವರ್ ಹೊಂದಿರುವವರು ಇನ್ನೆರಡು ಅಂಶಗಳನ್ನು ಗಮನಿಸಬೇಕು. ಹೋಲ್‌ಸ್ಟರಿನ ಪಟ್ಟಿ ಹ್ಯಾಮರನ್ನು ಹಿಂದಕ್ಕೆ ಎಳೆಯುವಂತಿರಬಾರದು. ಮಧ್ಯದಲ್ಲಿ ತೆರೆದುಕೊಳ್ಳುವ ಮಾದರಿಗಳಲ್ಲಿ, ನಳಿಗೆಯನ್ನು ಬಿಡಿಸುವ ಲ್ಯಾಚಿನ ಮೇಲೆ ಹೋಲ್‌ಸ್ಟರಿನ ಅಂಚಾಗಲಿ ಪಟ್ಟಿಯಾಗಲಿ ಒತ್ತಬಾರದು.

6. ಹಿಡಿತದ ಬಿಗಿ

ಪಾಲಿಮರ್ ಹೋಲ್‌ಸ್ಟರುಗಳಲ್ಲಿ ಹಿಡಿತವು ಎರಡು ರೀತಿಯಲ್ಲಿ ಇರುತ್ತದೆ. ಸರಳವಾದ ಹೋಲ್‌ಸ್ಟರಿನಲ್ಲಿ ಅಚ್ಚಿನ ಬಿಗಿತವೇ ಆಯುಧವನ್ನು ಹಿಡಿದಿಡುತ್ತದೆ. ಸಾಮಾನ್ಯವಾಗಿ ಒಂದು ಅಥವಾ ಎರಡು ಸ್ಕ್ರೂಗಳು ಹಾಗೂ ರಬ್ಬರ್ ವಾಷರುಗಳಿದ್ದು, ಅವುಗಳನ್ನು ತಿರುಗಿಸಿ ಬಿಗಿಯನ್ನು ಹೆಚ್ಚು ಕಡಿಮೆ ಮಾಡಬಹುದು. ಇನ್ನೊಂದು ಬಗೆಯಲ್ಲಿ ಇದರ ಜೊತೆಗೆ ಲಾಕ್ ಅಥವಾ ಪಟ್ಟಿ ಇರುತ್ತದೆ.

ಬಸ್ಸು, ಸಂತೆ, ಜಾತ್ರೆಯಂತಹ ಜನನಿಬಿಡ ಸ್ಥಳಗಳಲ್ಲಿ ಓಡಾಡುವವರಿಗೆ ಹಾಗೂ ದ್ವಿಚಕ್ರ ವಾಹನ ಬಳಸುವವರಿಗೆ ಎರಡನೆಯ ಬಗೆ ಸೂಕ್ತವಾದುದು. ಕಳೆದುಹೋದ ಆಯುಧ ಅಪರಾಧಿಗಳ ಕೈ ಸೇರಬಹುದು. ಆಯುಧ ಕಳೆದಲ್ಲಿ ಅಥವಾ ಕಳುವಾದಲ್ಲಿ ಪರವಾನಗಿದಾರರು ತಡಮಾಡದೆ ಸಮೀಪದ ಪೊಲೀಸ್ ಠಾಣೆಗೆ ವರದಿ ಮಾಡಬೇಕು.

7. ಬೆಲ್ಟಿಗೆ ಜೋಡಣೆ

ಹೋಲ್‌ಸ್ಟರನ್ನು ಬೆಲ್ಟಿಗೆ ಜೋಡಿಸುವ ವಿಧಾನಗಳು ಮುಖ್ಯವಾಗಿ ಮೂರು. ಬೆಲ್ಟನ್ನು ತೂರಿಸುವ ಕುಣಿಕೆ ಇರುವುದು ಎಲ್ಲಕ್ಕಿಂತ ಭದ್ರವಾದುದು. ಆದರೆ ಧರಿಸಲು ಮತ್ತು ತೆಗೆಯಲು ಬೆಲ್ಟನ್ನು ಬಿಚ್ಚಬೇಕು. ಪ್ಯಾಂಟಿನ ಒಳಭಾಗಕ್ಕೆ ಅಗಲವಾದ ಹಲಗೆಯಂತೆ ಕೂರುವ ಪ್ಯಾಡಲ್ ಬಗೆಯು ಧರಿಸಲು ಸುಲಭವಾದರೂ ಜೋರಾಗಿ ಎಳೆದರೆ ಕಳಚಬಹುದು. ಪ್ಲಾಸ್ಟಿಕ್ ಕ್ಲಿಪ್ ಮಾತ್ರ ಇರುವುದು ಎಲ್ಲಕ್ಕಿಂತ ದುರ್ಬಲ. ಆಯುಧವನ್ನು ಹೊರತೆಗೆಯುವಾಗ ಹೋಲ್‌ಸ್ಟರೂ ಅದರ ಜೊತೆಗೇ ಬಂದರೆ ಅಂಥ ಕ್ಲಿಪ್ ಬಳಕೆಗೆ ಅನರ್ಹ.

ಕುಣಿಕೆಯ ಅಗಲ ಮತ್ತು ಬೆಲ್ಟಿನ ಅಗಲ ಒಂದೇ ಆಗಿರಬೇಕು. ಅನೇಕ ಪಾಲಿಮರ್ ಹೋಲ್‌ಸ್ಟರುಗಳ ಕುಣಿಕೆ ಒಂದೂವರೆ ಅಂಗುಲದ, ಅಂದರೆ ಸುಮಾರು 38 ಮಿ.ಮೀ. ಬೆಲ್ಟಿಗೆ ಹೊಂದುತ್ತದೆ. ಕಚೇರಿಗೆ ಧರಿಸುವ ತೆಳುವಾದ ಬೆಲ್ಟು ಅದರಲ್ಲಿ ಅಲುಗಾಡಿ, ಹೋಲ್‌ಸ್ಟರ್ ಹೊರಕ್ಕೆ ವಾಲುತ್ತದೆ. ಆಗ ಹೋಲ್‌ಸ್ಟರನ್ನು ದೂರಿ ಪ್ರಯೋಜನವಿಲ್ಲ. ಹೋಲ್‌ಸ್ಟರಿಗಾಗಿ ಮೀಸಲಿಟ್ಟ ಹಣದಲ್ಲಿ ಒಂದು ಭಾಗವನ್ನು ದಪ್ಪನೆಯ, ಮಡಚಿಕೊಳ್ಳದ ಬೆಲ್ಟಿಗೆ ತೆಗೆದಿರಿಸುವುದು ಜಾಣತನ.

8. ಉಡುಪು ಮತ್ತು ಹವಾಮಾನ

ಸೊಂಟದ ಹೊರಭಾಗದಲ್ಲಿ ಧರಿಸುವ ಹೋಲ್‌ಸ್ಟರ್ ಹಿತಕರವಾದರೂ ಅದನ್ನು ಮುಚ್ಚಲು ಉದ್ದವಾದ ಅಂಗಿ, ಜುಬ್ಬ ಅಥವಾ ಕೋಟು ಬೇಕು. ಕೈ ಎತ್ತಿದಾಗ ಅಥವಾ ಬಗ್ಗಿದಾಗಲೂ ಹಿಡಿ ಕಾಣಿಸದಷ್ಟು ಉದ್ದ ಇರಬೇಕು. ಅಂಗಿಯನ್ನು ಪ್ಯಾಂಟಿನೊಳಗೆ ಸೇರಿಸಿ ತೊಡುವವರಿಗೆ ಇದು ಹೊಂದುವುದಿಲ್ಲ. ಪಂಚೆ ಉಡುವವರು ಸೊಂಟದ ಗಂಟಿಗೆ ಅಥವಾ ಉಡಿದಾರಕ್ಕೆ ಹೋಲ್‌ಸ್ಟರ್ ಸಿಕ್ಕಿಸಿಕೊಳ್ಳಬಾರದು. ಪಂಚೆಯ ಮೇಲೆ ಗಟ್ಟಿಯಾದ ಬೆಲ್ಟು ಇಲ್ಲದಿದ್ದಲ್ಲಿ ಬೆಲ್ಟ್ ಹೋಲ್‌ಸ್ಟರಿನ ಯಾವ ಬಗೆಯೂ ಭದ್ರವಲ್ಲ. ಅಂಥವರು ನಿಯಮವು ಅನುಮತಿಸಿರುವ ಚೀಲದ ಕ್ರಮವನ್ನು ಅನುಸರಿಸಬಹುದು.

ಕೊಡಗು, ಚಿಕ್ಕಮಗಳೂರು ಮುಂತಾದ ಮಲೆನಾಡಿನ ಜಿಲ್ಲೆಗಳ ಮಳೆಗಾಲದಲ್ಲಿ ಹಾಗೂ ಕರಾವಳಿಯ ಉಪ್ಪುಗಾಳಿಯಲ್ಲಿ ಪಾಲಿಮರ್ ಚರ್ಮಕ್ಕಿಂತ ಉತ್ತಮ. ಆದರೆ ಹೋಲ್‌ಸ್ಟರ್ ನೀರು ಹೀರದಿದ್ದರೂ ಒಳಗೆ ಸೇರಿದ ನೀರು ಆಯುಧಕ್ಕೆ ಅಂಟಿಕೊಂಡೇ ಇರುತ್ತದೆ. ತಳದಲ್ಲಿ ನೀರು ಹರಿದುಹೋಗುವ ರಂಧ್ರ ಇರುವುದನ್ನು ನೋಡಿಕೊಳ್ಳಬೇಕು. ಕಲಬುರಗಿ, ರಾಯಚೂರಿನಂತಹ ಜಿಲ್ಲೆಗಳ ಬೇಸಿಗೆಯಲ್ಲಿ ಹೋಲ್‌ಸ್ಟರನ್ನು ಬಿಸಿಲಿಗೆ ನಿಲ್ಲಿಸಿದ ಕಾರಿನ ಗಾಜಿನ ಕೆಳಗೆ ಬಿಡಬಾರದು. ಬಿಸಿಯಿಂದಲೇ ಆಕಾರ ಪಡೆದ ಪ್ಲಾಸ್ಟಿಕ್ ಅತಿಯಾದ ಬಿಸಿಗೆ ಆಕಾರ ಕೆಡಿಸಿಕೊಳ್ಳಬಹುದು. ಆಯುಧವನ್ನಂತೂ ಕಾರಿನಲ್ಲಿ ಬಿಟ್ಟು ಹೋಗಲೇಬಾರದು.

9. ಬೆಲೆಯ ಲೆಕ್ಕಾಚಾರ

ಬೆಲೆಯನ್ನು ಕೊಳ್ಳುವ ದಿನದ ಮೊತ್ತದಿಂದ ಅಳೆಯದೆ ಬಳಕೆಯ ಅವಧಿಯಿಂದ ಅಳೆಯಬೇಕು. ಆಯುಧ ಪರವಾನಗಿಯ ಅವಧಿ 2019ರ ತಿದ್ದುಪಡಿಯ ನಂತರ 5 ವರ್ಷಗಳು. ಇದನ್ನೇ ಲೆಕ್ಕದ ಅವಧಿಯಾಗಿ ಇಟ್ಟುಕೊಳ್ಳಬಹುದು. ಉದಾಹರಣೆಗೆ, ಒಬ್ಬರು 600 ರೂಪಾಯಿಯ ಬಟ್ಟೆಯ ಹೋಲ್‌ಸ್ಟರ್ ಕೊಂಡು ಅದು ಸಡಿಲವಾದಂತೆ ಪ್ರತಿ ವರ್ಷ ಬದಲಿಸಿದರೆ 5 ವರ್ಷಗಳಲ್ಲಿ 3,000 ರೂಪಾಯಿ ವೆಚ್ಚವಾಗುತ್ತದೆ. ಇನ್ನೊಬ್ಬರು 2,000 ರೂಪಾಯಿಯ ಪಾಲಿಮರ್ ಹೋಲ್‌ಸ್ಟರ್ ಕೊಂಡು ಅದೇ ಅವಧಿಗೆ ಬಳಸಿದರೆ ವರ್ಷಕ್ಕೆ 400 ರೂಪಾಯಿ ಬೀಳುತ್ತದೆ. ಈ ಮೊತ್ತಗಳು ಲೆಕ್ಕದ ವಿಧಾನವನ್ನು ತೋರಿಸಲು ಮಾತ್ರ.

ಉಳಿತಾಯ ಮಾಡಬಹುದಾದ ಅಂಶಗಳು: ಬಣ್ಣ, ಅಲಂಕಾರ, ಹೆಸರಾಂತ ಗುರುತು, ಜೊತೆಗೆ ಬರುವ ಅನಗತ್ಯ ಬಿಡಿಭಾಗಗಳು. ಉಳಿತಾಯ ಮಾಡಬಾರದ ಅಂಶಗಳು: ಮಾದರಿಗೆ ಹೊಂದಿಕೆ, ಟ್ರಿಗರಿನ ರಕ್ಷಣೆ, ಹಿಡಿತ, ಬೆಲ್ಟಿನ ಜೋಡಣೆ. ಹಿಂದಿರುಗಿಸಲು ಅವಕಾಶವಿರುವ ಮಾರಾಟಗಾರರಿಂದ ಕೊಂಡು ರಸೀದಿ ಪಡೆಯುವುದು ಸೂಕ್ತ.

10. ಬಳಕೆಗೆ ಮುನ್ನ ಪರೀಕ್ಷೆ

ಆಯುಧದಿಂದ ಎಲ್ಲಾ ಗುಂಡುಗಳನ್ನು ಹೊರತೆಗೆದು, ಗುಂಡುಗಳನ್ನು ಬೇರೆ ಕೋಣೆಯಲ್ಲಿ ಇರಿಸಿ, ಆಯುಧ ಖಾಲಿ ಇರುವುದನ್ನು ಎರಡು ಬಾರಿ ಖಚಿತಪಡಿಸಿಕೊಂಡ ನಂತರವೇ ಈ ಪರೀಕ್ಷೆಗಳನ್ನು ಮಾಡಬೇಕು. ಮಕ್ಕಳು ಸಮೀಪದಲ್ಲಿ ಇರಬಾರದು. ನಳಿಗೆ ಯಾರ ಕಡೆಗೂ ತಿರುಗಿರಬಾರದು.

ಅ) ಆಯುಧವನ್ನು ಒಳಗಿಟ್ಟು, ಟ್ರಿಗರಿನ ಭಾಗವನ್ನು ಹೊರಗಿನಿಂದ ಹೆಬ್ಬೆರಳಿನಿಂದ ಬಲವಾಗಿ ಒತ್ತಬೇಕು. ಗೋಡೆ ಒಳಕ್ಕೆ ಬಾಗಿದರೆ ಹೋಲ್‌ಸ್ಟರ್ ತಿರಸ್ಕರಿಸಬೇಕು.
ಆ) ಹಾಸಿಗೆಯ ಮೇಲೆ ಹೋಲ್‌ಸ್ಟರನ್ನು ತಲೆಕೆಳಗಾಗಿ ಹಿಡಿದು ಅಲ್ಲಾಡಿಸಬೇಕು. ಆಯುಧ ಬಿದ್ದರೆ ಸ್ಕ್ರೂ ಬಿಗಿಮಾಡಿ ಮತ್ತೆ ನೋಡಬೇಕು. ಮತ್ತೂ ಬಿದ್ದರೆ ಅದು ಆ ಆಯುಧಕ್ಕೆ ಹೊಂದುವುದಿಲ್ಲ.
ಇ) ಬೆಲ್ಟಿಗೆ ಧರಿಸಿ ಒಂದೇ ಕೈಯಿಂದ ಆಯುಧವನ್ನು ಹೊರತೆಗೆದು ನಿಧಾನವಾಗಿ ಹಿಂದಿರುಗಿಸಬೇಕು. ಅಂಗಿಯ ಅಂಚು ಒಳಗೆ ಸೇರದಂತೆ ಕಣ್ಣಿನಿಂದ ನೋಡಿಯೇ ಇರಿಸುವುದನ್ನು ರೂಢಿಸಿಕೊಳ್ಳಬೇಕು.
ಈ) ಖಾಲಿ ಆಯುಧದೊಂದಿಗೆ ಮನೆಯಲ್ಲಿಯೇ ನೆಲದ ಮೇಲೆ ಕುಳಿತು ಎದ್ದು, ಮೆಟ್ಟಿಲು ಹತ್ತಿ ಇಳಿದು ನೋಡಬೇಕು. ಹೋಲ್‌ಸ್ಟರ್ ಜಾಗ ಬದಲಿಸಬಾರದು.

11. ನಿರ್ವಹಣೆ

ಪಾಲಿಮರ್ ಹೋಲ್‌ಸ್ಟರಿನ ಒಳಗೆ ಸೇರುವ ಧೂಳು ಆಯುಧದ ಮೇಲ್ಮೈಯನ್ನು ಉಜ್ಜಿ ಗೀರು ಮಾಡುತ್ತದೆ. ವಾರಕ್ಕೊಮ್ಮೆ ಹೋಲ್‌ಸ್ಟರನ್ನು ನೀರು ಮತ್ತು ಸಾಬೂನಿನಿಂದ ತೊಳೆದು, ನೆರಳಿನಲ್ಲಿ ಪೂರ್ಣವಾಗಿ ಒಣಗಿಸಿ ಬಳಸಬೇಕು. ಓಡಾಟದ ಅದುರುವಿಕೆಯಿಂದ ಸ್ಕ್ರೂಗಳು ಸಡಿಲವಾಗುತ್ತವೆ, ಆದ್ದರಿಂದ ತಿಂಗಳಿಗೊಮ್ಮೆ ಪರೀಕ್ಷಿಸಬೇಕು. ಕುಣಿಕೆಯ ಬುಡದಲ್ಲಿ ಅಥವಾ ಸ್ಕ್ರೂ ರಂಧ್ರದ ಸುತ್ತ ಕೂದಲೆಳೆಯಷ್ಟು ಬಿರುಕು ಕಂಡರೂ ಬದಲಿಸಬೇಕು. ಅಂಟು ಹಾಕಿ ಅಥವಾ ಬಿಸಿ ಮಾಡಿ ಸರಿಪಡಿಸಿದ ಹೋಲ್‌ಸ್ಟರ್ ವಿಶ್ವಾಸಾರ್ಹವಲ್ಲ. ಮನೆಯಲ್ಲಿ ಆಯುಧವನ್ನು ಹೋಲ್‌ಸ್ಟರಿನಲ್ಲಿ ಗೂಟಕ್ಕೆ ನೇತುಹಾಕದೆ ಬೀಗ ಹಾಕಿದ ಸ್ಥಳದಲ್ಲಿ ಇರಿಸಬೇಕು.

12. ಸಾಮಾನ್ಯವಾಗಿ ಕೇಳಲಾಗುವ ಪ್ರಶ್ನೆಗಳು

ಪ್ರಶ್ನೆ: ಹೋಲ್‌ಸ್ಟರ್ ಖರೀದಿಸಲು ಪರವಾನಗಿ ಬೇಕೇ?
ಉತ್ತರ: ಹೋಲ್‌ಸ್ಟರಿಗೆ ಪ್ರತ್ಯೇಕ ಪರವಾನಗಿ ಬೇಕಿಲ್ಲ. ಆಯುಧ ಮತ್ತು ಮದ್ದುಗುಂಡುಗಳಿಗೆ ಮಾತ್ರ ಪರವಾನಗಿ ಅಗತ್ಯ.

ಪ್ರಶ್ನೆ: ಆಯುಧದ ಅಳತೆ ನೋಡಲು ಅದನ್ನು ಹೋಲ್‌ಸ್ಟರ್ ಅಂಗಡಿಗೆ ಒಯ್ಯಬಹುದೇ?
ಉತ್ತರ: ಪರವಾನಗಿ ಪಡೆದ ಆಯುಧ ವ್ಯಾಪಾರಿಯ ಅಂಗಡಿಗೆ, ಖಾಲಿ ಮಾಡಿದ ಆಯುಧವನ್ನು ಚೀಲದಲ್ಲಿ ಇರಿಸಿ, ಪರವಾನಗಿಯೊಂದಿಗೆ ಒಯ್ಯುವುದು ಸೂಕ್ತ. ಇತರ ಅಂಗಡಿಗಳಿಗೆ ಮಾದರಿಯ ವಿವರ ಮತ್ತು ಅಳತೆಗಳನ್ನು ಮಾತ್ರ ಒಯ್ಯಬೇಕು.

ಪ್ರಶ್ನೆ: ಒಬ್ಬರ ಬಳಿ ಎರಡು ಆಯುಧಗಳಿದ್ದರೆ ಒಂದೇ ಹೋಲ್‌ಸ್ಟರ್ ಸಾಕೇ?
ಉತ್ತರ: ಸಾಲದು. 2019ರ ತಿದ್ದುಪಡಿಯ ನಂತರ ಸಾಮಾನ್ಯವಾಗಿ ಒಬ್ಬರು ಗರಿಷ್ಠ ಎರಡು ಬಂದೂಕು ವರ್ಗದ ಆಯುಧಗಳನ್ನು ಹೊಂದಬಹುದಾಗಿದ್ದು, ಎರಡೂ ಪಿಸ್ತೂಲು ಅಥವಾ ರಿವಾಲ್ವರ್ ಆಗಿದ್ದಲ್ಲಿ ಪ್ರತಿಯೊಂದಕ್ಕೂ ಅದರದೇ ಮಾದರಿಯ ಹೋಲ್‌ಸ್ಟರ್ ಬೇಕು.

ಪ್ರಶ್ನೆ: ಹೋಲ್‌ಸ್ಟರಿನಲ್ಲಿ ಮುಚ್ಚಿ ಧರಿಸಿದ್ದರೆ ಎಲ್ಲಿಗಾದರೂ ಹೋಗಬಹುದೇ?
ಉತ್ತರ: ಇಲ್ಲ. ಪರವಾನಗಿಯಲ್ಲಿ ನಮೂದಿಸಿದ ವ್ಯಾಪ್ತಿಯೊಳಗೆ ಮಾತ್ರ ಒಯ್ಯಬಹುದು. ಆಯುಧ ನಿಷೇಧಿತ ಸ್ಥಳಗಳಿಗೆ ಹಾಗೂ ನಿಷೇಧಾಜ್ಞೆ ಇರುವ ಅವಧಿಯಲ್ಲಿ ಒಯ್ಯುವಂತಿಲ್ಲ. ಆಯುಧ ಧರಿಸಿದವರ ಪರವಾನಗಿಯನ್ನು ತೋರಿಸುವಂತೆ ಕೇಳುವ ಅಧಿಕಾರ ಕಲಂ 19ರ ಅನ್ವಯ ಪೊಲೀಸ್ ಅಧಿಕಾರಿಗೆ ಇದೆ. ಆದುದರಿಂದ ಪರವಾನಗಿಯನ್ನು ಸದಾ ಜೊತೆಯಲ್ಲಿ ಇಟ್ಟುಕೊಂಡಿರಬೇಕು.

ಪ್ರಶ್ನೆ: ಇಲಾಖೆಯು ಯಾವುದಾದರೂ ತಯಾರಕರ ಹೋಲ್‌ಸ್ಟರನ್ನು ಶಿಫಾರಸು ಮಾಡುತ್ತದೆಯೇ?
ಉತ್ತರ: ಇಲ್ಲ. ಮೇಲೆ ಹೆಸರಿಸಿದ ಆಯುಧಗಳು ಮತ್ತು ವಸ್ತುಗಳು ಉದಾಹರಣೆಗಾಗಿ ಮಾತ್ರ.

ಪರವಾನಗಿಯ ವ್ಯಾಪ್ತಿ ಹಾಗೂ ಷರತ್ತುಗಳ ಬಗ್ಗೆ ಸಂದೇಹವಿದ್ದಲ್ಲಿ, ಪರವಾನಗಿ ನೀಡಿದ ಪ್ರಾಧಿಕಾರವನ್ನು, ಅಂದರೆ ಜಿಲ್ಲೆಗಳಲ್ಲಿ ಜಿಲ್ಲಾ ದಂಡಾಧಿಕಾರಿಗಳ ಕಚೇರಿಯನ್ನು, ಪೊಲೀಸ್ ಕಮೀಷನರೇಟ್ ಇರುವ ನಗರಗಳಲ್ಲಿ ಪೊಲೀಸ್ ಆಯುಕ್ತರ ಕಚೇರಿಯನ್ನು ಸಂಪರ್ಕಿಸಬಹುದು. ಆಯುಧವನ್ನು ಸುರಕ್ಷಿತವಾಗಿ ಹಾಗೂ ಇತರರ ಕಣ್ಣಿಗೆ ಬೀಳದಂತೆ ಒಯ್ಯುವುದು ಪರವಾನಗಿದಾರರ ಹೊಣೆಯಾಗಿರುತ್ತದೆ. ಸಾರ್ವಜನಿಕರು ಮೇಲ್ಕಂಡ ಅಂಶಗಳನ್ನು ಗಮನಿಸಿ ಸಹಕರಿಸಬೇಕೆಂದು ಕೋರಲಾಗಿದೆ.